ನೀಲಿ ಶಾಯಿಗೆ ಕಾದ ಸಾಲು

ಮಗುವಿಗೆ ಹೆಸರಿಡುವ ಕೆಲಸ ಹೆತ್ತವರದು. ಇಟ್ಟ ಹೆಸರಿನ ಅರ್ಥವೇನು, ಅದು ಯಾವ ನುಡಿಯಿಂದ ಬಂದದ್ದು, ಅದನ್ನು ಮೊದಲು ಹೊತ್ತವರು ಯಾರು ಎಂಬುದನ್ನೆಲ್ಲ ವಿಚಾರಿಸಿ, ಸಿಕ್ಕಿದ್ದನ್ನು ಸಿಕ್ಕಿತೆಂದೂ ಸಿಗದ್ದನ್ನು ಸಿಗಲಿಲ್ಲವೆಂದೂ ಹೇಳುವ ಕೆಲಸ ಯಾರದು ಎಂದು ಕೇಳಿದರೆ, ಈ ಕ್ಷೇತ್ರವನ್ನು ಬಲ್ಲವರೆಲ್ಲ ಒಬ್ಬರ ಕಡೆಗೇ ಕೈ ತೋರಿಸುತ್ತಾರೆ. ನಮ್ಮ ಪ್ರಕಾಶನ ಸಂಸ್ಥೆಯಲ್ಲಿ ಮೂವತ್ತಾರು ವರ್ಷ ದುಡಿದು ಈ ತಿಂಗಳ ಕೊನೆಗೆ ನಿವೃತ್ತರಾಗುತ್ತಿರುವ ಮೇಡಂ ಅವರು ಹೆಸರುಗಳ ಮೂಲಶೋಧದಲ್ಲಿ ಸಾಟಿಯಿಲ್ಲದವರು, ದಣಿವರಿಯದವರು, ಎಂದೂ ತಪ್ಪು ಮಾಡದವರು. ಅವರ ಗೌರವಾರ್ಥ ಹೊರಬರುತ್ತಿರುವ ಈ ಸಂಪುಟಕ್ಕೆ ಒಂದೆರಡು ಸವಿನೆನಪು ಬರೆದುಕೊಡಿ ಎಂದು ಸಮಿತಿಯವರು ಕೇಳಿದ್ದಾರೆ. ನೆನಪುಗಳು ಬೇಕಾದಷ್ಟಿವೆ. ಸವಿ ಎಷ್ಟಿದೆಯೋ ಓದಿದವರು ಹೇಳಬೇಕು.

ಹೆಸರುಕೋಶ ವಿಭಾಗವನ್ನು ನೋಡದವರಿಗಾಗಿ ಎರಡು ಮಾತು. ಎರಡನೆಯ ಮಹಡಿಯ ಹಿಂಭಾಗದ ಕೋಣೆ. ಒಂದೇ ಕಿಟಕಿ, ಅದನ್ನು ತೆರೆದರೆ ಪಕ್ಕದ ಕಟ್ಟಡದ ಗೋಡೆ. ಮೂರು ಗೋಡೆಗೆ ಒರಗಿ ನಿಂತ ಮರದ ಖಾನೆಗಳಲ್ಲಿ ಇಪ್ಪತ್ತೆಂಟು ಸಾವಿರ ಕಾರ್ಡುಗಳು, ಹೆಸರಿಗೊಂದು ಕಾರ್ಡು. ಕಾರ್ಡಿನ ಮೇಲೆ ಮೇಡಂ ಅವರು ಹಾಕಿಕೊಟ್ಟ ಕ್ರಮವೊಂದಿತ್ತು. ಬರಹದಲ್ಲಿ ಕಣ್ಣಾರೆ ಕಂಡ ಸಂಗತಿಯನ್ನು ಕಪ್ಪು ಶಾಯಿಯಲ್ಲಿ ಬರೆಯಬೇಕು. ಬಲ್ಲವರ ಬಾಯಿಂದ ನೇರವಾಗಿ ಕೇಳಿದ್ದನ್ನು ನೀಲಿಯಲ್ಲಿ ಬರೆದು, ಹೇಳಿದವರಿಂದ ಕಾರ್ಡಿನ ಹಿಂದೆ ಸಹಿ ಪಡೆಯಬೇಕು. ಆಧಾರ ಸಿಗದಿದ್ದರೆ ಕೆಂಪು ಶಾಯಿಯಲ್ಲಿ ಹಾಗೆಂದೇ ಬರೆಯಬೇಕು. ಯಾರು ಏನು ಹೇಳಿದರೂ "ಆಧಾರ ಎಲ್ಲಿ?" ಎಂದೇ ಅವರು ಕೇಳುತ್ತಿದ್ದುದರಿಂದ ಕಚೇರಿಯಲ್ಲಿ ಅವರಿಗೆ 'ಆಧಾರಮ್ಮ' ಎಂಬ ಅಡ್ಡಹೆಸರಿತ್ತು. ಅದು ಅವರ ಕಿವಿಗೂ ಬಿದ್ದಿತ್ತು. "ಅದಕ್ಕೊಂದು ಕಾರ್ಡ್ ಮಾಡ್ಲಾ? ಯಾರು ಇಟ್ಟಿದ್ದು, ಸಹಿ ಹಾಕಿ" ಎಂದು ಒಮ್ಮೆ ಇಡೀ ಲೆಕ್ಕಪತ್ರ ವಿಭಾಗವನ್ನೇ ಹೆದರಿಸಿದ್ದರು.

ನಾನು ಸೇರಿದ್ದು ಇಪ್ಪತ್ತೇಳು ವರ್ಷದ ಹಿಂದೆ. ಆಗ ದಿನಕ್ಕೆ ನಲವತ್ತು ಐವತ್ತು ಪತ್ರ ಬರುತ್ತಿದ್ದವು. 'ನಮ್ಮ ಮಗುವಿಗೆ ಈ ಹೆಸರಿಡಬೇಕೆಂದಿದ್ದೇವೆ, ಅರ್ಥ ಸರಿಯೇ, ಕೆಟ್ಟ ಅರ್ಥವೇನೂ ಇಲ್ಲವಷ್ಟೆ' ಎಂದು ಕೇಳುವ ಪತ್ರಗಳು. ಒಂದಕ್ಕೂ ಉತ್ತರವಿಲ್ಲದೆ ಬಿಡುವಂತಿರಲಿಲ್ಲ. ಮೊದಲ ದಿನವೇ ಮೇಡಂ ಒಂದು ಕಟ್ಟು ಪತ್ರ ನನ್ನ ಮುಂದಿಟ್ಟು ಹೇಳಿದ ಮಾತು ಇದು: "ಇಲ್ಲಿ ನೀನು ಕಲೀಬೇಕಾಗಿರೋದು ಒಂದೇ ಪದ ಕಣಪ್ಪಾ. ಗೊತ್ತಿಲ್ಲ. ಅದನ್ನ ಧೈರ್ಯವಾಗಿ ಬರೆಯೋಕೆ ಬಂದ್ರೆ ಮಿಕ್ಕಿದ್ದೆಲ್ಲಾ ಸುಲಭ." ನಾನು ನಕ್ಕೆ. ಓದಿಕೊಂಡು ಬಂದವನು, 'ಗೊತ್ತಿಲ್ಲ' ಎಂದು ಬರೆಯಲು ನನಗೆ ಸಂಬಳ ಬೇರೆಯೇ ಎಂದು ಮನಸ್ಸಿನಲ್ಲಿ ಮೂಗು ಮುರಿದೆ.

ಬೇರೆ ಬೇರೆ ಪ್ರಕಾಶನಗಳ ಹೆಸರಿನ ಪುಸ್ತಕಗಳು ಅವರ ಮೇಜಿನ ಬಲಗಡೆ ಗುಡ್ಡೆಯಾಗಿ ಇರುತ್ತಿದ್ದವು. ಅವುಗಳನ್ನು ಓದುವುದೇ ಅವರಿಗಿದ್ದ ಏಕೈಕ ಮನರಂಜನೆ. "ನೋಡು, ಈ ಪುಟದಲ್ಲಿ ಹದಿನಾರು ಹೆಸರು, ಹನ್ನೊಂದಕ್ಕೆ 'ದೇವರ ಕೊಡುಗೆ' ಅಂತ ಅರ್ಥ. ಪಾಪ, ದೇವರಿಗೆ ಬೇರೆ ಕೆಲಸ ಇಲ್ವೇನೋ" ಎನ್ನುವರು. ನಗುತ್ತಲೇ ಆ ಹನ್ನೊಂದರಲ್ಲಿ ಒಂದೊಂದನ್ನೂ ಹಿಡಿದು ಬೆನ್ನು ಹತ್ತುವರು.

ಒಬ್ಬ ಲಾರಿ ಡ್ರೈವರ್‌ನ ಸಂಗತಿ ಹೇಳಬೇಕು. ತನ್ನ ಗಂಡುಮಗುವಿಗೆ ತೀರಿಕೊಂಡ ಅಣ್ಣನ ಹೆಸರಿಟ್ಟಿದ್ದನಂತೆ. ಯಾರೋ ಒಂದು ಪುಸ್ತಕ ತೆಗೆದು ಅದರ ಅರ್ಥ 'ಕುಂಟ' ಎಂದು ತೋರಿಸಿದರಂತೆ. ಮಗು ಹದಿನಾಲ್ಕು ತಿಂಗಳಾದರೂ ನಡೆಯದಿದ್ದಾಗ ಮನೆಯವರೆಲ್ಲ ಸೇರಿ ಹೆಸರಿಟ್ಟ ತಪ್ಪಿಗೆ ಅವನನ್ನು ಹುರಿದು ಮುಕ್ಕಿದರಂತೆ. ಮೇಡಂ ನಾಲ್ಕು ತಿಂಗಳು ಅದರ ಹಿಂದೆ ಬಿದ್ದರು. ಆ ಪುಸ್ತಕದ ಹಳೆಯ ಮುದ್ರಣವನ್ನು ಹುಡುಕಿ ತರಿಸಿ, ಎರಡನ್ನೂ ಪಕ್ಕಪಕ್ಕ ಇಟ್ಟು ಸಾಲು ಸಾಲಾಗಿ ಹೋಲಿಸಿ, ಹೊಸದನ್ನು ಅಚ್ಚು ಜೋಡಿಸುವಾಗ ಅರ್ಥಗಳ ಪಟ್ಟಿ ಒಂದು ಸಾಲು ಕೆಳಕ್ಕೆ ಸರಿದಿದೆ ಎಂದು ಕಂಡುಹಿಡಿದರು. ಆ ಪುಟದ ಇಪ್ಪತ್ತಾರು ಹೆಸರಿಗೂ ಮೇಲಿನ ಹೆಸರಿನ ಅರ್ಥ ಬಂದು ಕುಳಿತಿತ್ತು. ಡ್ರೈವರ್‌ನ ಅಣ್ಣನ ಹೆಸರಿನ ನಿಜವಾದ ಅರ್ಥ 'ದಾರಿ ಬಲ್ಲವನು'. ಅದನ್ನು ಬರೆದು ತಿಳಿಸಿದ ಮೇಲೆ ಆತ ಲಾರಿಯನ್ನು ನಮ್ಮ ಬೀದಿಯ ತುದಿಯಲ್ಲಿ ನಿಲ್ಲಿಸಿ, ಮಗುವನ್ನು ಎತ್ತಿಕೊಂಡು ಮಹಡಿ ಹತ್ತಿ ಬಂದು, ಕೋಣೆಯ ನಡುವೆ ನಿಲ್ಲಿಸಿ ಎರಡು ಹೆಜ್ಜೆ ಹಾಕಿಸಿ ತೋರಿಸಿದ. ಮೇಡಂ ಅವರ ಕಣ್ಣಲ್ಲಿ ನೀರು ಕಂಡದ್ದು ಆಗ. ಇನ್ನೊಮ್ಮೆ ಕಂಡದ್ದನ್ನು ಮುಂದೆ ಹೇಳುತ್ತೇನೆ.

ನಾನು ಸೇರಿದ ಮರುವರ್ಷ ನನಗೆ ಮಗಳು ಹುಟ್ಟಿದಳು. ನನ್ನ ಹೆಂಡತಿ ಆರಿಸಿದ್ದ ಹೆಸರಿನ ಮೂಲ ಹುಡುಕಲು ಮೇಡಂ ನಲವತ್ತು ದಿನ ತೆಗೆದುಕೊಂಡರು. "ಅಷ್ಟು ದಿನ ಮಗೂನ ಏನಂತ ಕರೀಲಿ ಮೇಡಂ?" ಎಂದರೆ "ಪುಟ್ಟಿ ಅನ್ನು, ಅದಕ್ಕೆ ಆಧಾರ ಕಣ್ಣೆದುರಿಗೇ ಇದೆ" ಎಂದರು. ಕೊನೆಗೆ ನನ್ನ ಮಗಳ ಕಾರ್ಡಿನಲ್ಲಿ ಮೂರು ಸಾಲು ಬಂದವು, ಮೂರೂ ಕಪ್ಪು. ಅದರ ನಕಲೊಂದನ್ನು ಮಾಡಿ, ಅಂಚು ಕತ್ತರಿಸಿ, ನಮ್ಮ ಮನೆಗೆ ತಾವೇ ತಂದುಕೊಟ್ಟರು. ಅದು ಈಗಲೂ ನಮ್ಮ ಬೀರುವಿನ ಒಳಬಾಗಿಲಿಗೆ ಅಂಟಿಸಿದೆ.

ಇಷ್ಟು ಬರೆದು ಸಮಿತಿಯವರಿಗೆ ಕೊಟ್ಟು ಕೈ ತೊಳೆದುಕೊಳ್ಳಬಹುದಿತ್ತು. ಸವಿನೆನಪು ಎಂದರೆ ಇಷ್ಟೇ. ಆದರೆ ಕಳೆದ ಹದಿನೈದು ದಿನದಿಂದ ನನಗೆ ಊಟ ಮೈಗೆ ಹತ್ತುತ್ತಿಲ್ಲ. ಹೆಸರುಕೋಶ ವಿಭಾಗವನ್ನು ಮುಚ್ಚುತ್ತಿದ್ದಾರೆ. ಈಗ ಯಾರೂ ಪತ್ರ ಬರೆಯುವುದಿಲ್ಲ, ಫೋನಿನಲ್ಲಿ ಒತ್ತಿದರೆ ಅರ್ಥ ಬರುತ್ತದೆ. ಖಾನೆಗಳನ್ನೆಲ್ಲ ಗೋದಾಮಿಗೆ ಸಾಗಿಸಬೇಕೆಂದು ಹೇಳಿದ್ದರಿಂದ ನಾನು ಒಂದೊಂದನ್ನೇ ಎಳೆದು ನೋಡುತ್ತಿದ್ದೆ. ಒಂದು ಖಾನೆಯ ನಡುವೆ ಕಾರ್ಡಿನ ಬದಲು ಗುಲಾಬಿ ಬಣ್ಣದ ಚೀಟಿ ಇತ್ತು. ಮೇಡಂ ಅವರ ಕೈಬರಹ: 'ಕಾರ್ಡು ಹೊರಗಿದೆ. ಉತ್ತರ ಬಾಕಿ.' ಕೆಳಗೆ ಹನ್ನೆರಡು ವರ್ಷ ಹಳೆಯ ತಾರೀಕು. ಆ ಉತ್ತರ ಬಾಕಿ ಇರುವುದು ನನ್ನಿಂದ. ಆದ್ದರಿಂದ ಈ ಲೇಖನ ಇಲ್ಲಿಂದ ಮುಂದೆ ಬೇರೆ ದಾರಿ ಹಿಡಿಯುತ್ತದೆ, ಸಮಿತಿಯವರು ದಯವಿಟ್ಟು ಕತ್ತರಿ ಹಾಕಬಾರದು.

ನಾನು ಸೇರಿದ ಮೂರನೆಯ ವರ್ಷ, ಹೆಸರುಕೋಶದ ಹೊಸ ಮುದ್ರಣ ಅಚ್ಚಿಗೆ ಹೋಗುವ ವಾರ, ಮೇಡಂ ಅವರ ಅಕ್ಕನಿಗೆ ಕಾಯಿಲೆ ಜೋರಾಗಿ ಅವರು ಹನ್ನೊಂದು ದಿನ ರಜೆ ಹಾಕಿದರು. ವಿಭಾಗದಲ್ಲಿ ಉಳಿದವರು ನಾನು ಮತ್ತು ವಯಸ್ಸಾದ ಟೈಪಿಸ್ಟ್, ಇಬ್ಬರೇ. ಆಗ ಸಂಸ್ಥೆಯ ಯಜಮಾನರು ನನ್ನನ್ನು ಕೆಳಗೆ ಕರೆಸಿದರು. "ನಮ್ಮ ಕೋಶಾನ ಯಾರ್ಯಾರೋ ಹಾಗ್ಹಾಗೇ ಎತ್ತಿ ಅಚ್ಚು ಹಾಕ್ಕೊಳ್ತಿದಾರೆ. ಎಲ್ಲೂ ಇಲ್ಲದಿರೋ ಒಂದು ಹೆಸರು ಸೇರಿಸಿಬಿಡು. ನಾಳೆ ಅದು ಇನ್ನೊಬ್ಬರ ಪುಸ್ತಕದಲ್ಲಿ ಕಂಡ್ರೆ ಕಳ್ಳ ಸಿಕ್ಕಿಬಿದ್ದ" ಎಂದರು. ಇಂಥದ್ದಕ್ಕೆ ಕಚೇರಿಯಲ್ಲಿ 'ಬೋನು' ಎನ್ನುತ್ತಿದ್ದರು. ಹಿಂದೆ ಎರಡು ಸಲ ಮೇಡಂ ಅವರನ್ನು ಕೇಳಿ, ಎರಡು ಸಲವೂ 'ಆಗುವುದಿಲ್ಲ' ಎನಿಸಿಕೊಂಡಿದ್ದ ಯಜಮಾನರು ಈಗ ಸಮಯ ನೋಡಿ ನನಗೆ ಹೇಳಿದ್ದರು. "ಅವರಿಗೆ ಹೇಳೋಕೆ ಹೋಗ್ಬೇಡ, ಆಧಾರ ಆಧಾರ ಅಂತ ತಲೆ ತಿಂತಾರೆ."

ನನಗೋ ಯಜಮಾನರು ನನ್ನನ್ನೇ ಕರೆದರಲ್ಲಾ ಎಂಬ ಹಿಗ್ಗು. ಅಂದು ಶನಿವಾರ. ಗಡಿಯಾರದಲ್ಲಿ ಸಂಜೆ ಐದೂವರೆ. ಟೈಪಿಸ್ಟ್ ಆಗಲೇ ಯಂತ್ರಕ್ಕೆ ಮುಸುಕು ಹಾಕಿ ಹೊರಟಿದ್ದರು. ನಾನು ಊಟದ ಡಬ್ಬಿಯನ್ನು ಚೀಲಕ್ಕೆ ತುರುಕಿಕೊಂಡು, ನಿಂತುಕೊಂಡೇ, ಕಿವಿಗೆ ಇಂಪಾಗುವ ಮೂರು ಅಕ್ಷರ ಜೋಡಿಸಿ ಹೆಣ್ಣುಮಗುವಿನ ಹೆಸರೊಂದನ್ನು ಕಟ್ಟಿದೆ. ಎದುರಿಗೆ ಅರ್ಥ ಬರೆದೆ: 'ಮನೆಗೆ ಮರಳಿ ಬರುವವಳು.' ಮೂಲದ ಜಾಗದಲ್ಲಿ 'ಪ್ರಾಚೀನ' ಎಂದು ಗೀಚಿದೆ. ಎಲ್ಲ ಸೇರಿ ಎರಡು ನಿಮಿಷ ಹಿಡಿದಿರಬಹುದು.

ಆ ಹೆಸರನ್ನು ನಾನಿಲ್ಲಿ ಬರೆಯುವುದಿಲ್ಲ. ಅದನ್ನು ಕಾಗದದ ಮೇಲೆ ಬರೆಯುವ ಯೋಗ್ಯತೆ ನನಗೆ ಒಂದು ಸಲ ಇತ್ತು, ಅದನ್ನು ನಾನು ಕಳೆದುಕೊಂಡೆ.

ರಜೆ ಮುಗಿಸಿ ಬಂದ ಮೇಡಂ ಅಚ್ಚಾದ ಪುಸ್ತಕವನ್ನು ಪುಟಪುಟವಾಗಿ ನೋಡಿದರು. ಮೂರನೆಯ ದಿನ ಆ ಪುಟಕ್ಕೆ ಬಂದರು. "ಇದರ ಕಾರ್ಡ್ ಎಲ್ಲಿ?"

"ಯಜಮಾನ್ರು ಸೇರಿಸು ಅಂದ್ರು ಮೇಡಂ."

"ಸೇರಿಸು ಅಂದಿದ್ದು ಅವರು. ಕಟ್ಟಿದ್ದು ಯಾರು?"

ನಾನು ಕೇಳಿಸದವನಂತೆ ಪತ್ರದ ಕಟ್ಟು ಬಿಚ್ಚತೊಡಗಿದೆ. ಅವರು ಹೊಸ ಕಾರ್ಡೊಂದನ್ನು ತೆಗೆದು, ಕೆಂಪು ಶಾಯಿಯಲ್ಲಿ 'ಆಧಾರ ಇಲ್ಲ' ಎಂದು ಬರೆದು ಖಾನೆಗೆ ಸೇರಿಸಿದರು. ಯಜಮಾನರಿಗೆ ಪತ್ರ ಬರೆದರು: ಮುಂದಿನ ಮುದ್ರಣದಲ್ಲಿ ಇದನ್ನು ತೆಗೆಯಬೇಕು, ಯಾರಾದರೂ ತಾಯಿ ಇದನ್ನು ನಂಬಿ ಮಗುವಿಗೆ ಇಟ್ಟಾಳು ಎಂದು. "ಇಷ್ಟು ಸಾವಿರ ಹೆಸರಲ್ಲಿ ಅದೊಂದನ್ನೇ ಯಾರು ಆರಿಸ್ಕೊಳ್ತಾರೆ, ಬಿಡ್ರಿ" ಎಂದು ಯಜಮಾನರು ನಕ್ಕರು. ಮುಂದಿನ ಮೂರು ಮುದ್ರಣಗಳಿಗೂ ಮೇಡಂ ಅದೇ ಪತ್ರ ಬರೆದರು. ನಾಲ್ಕೂ ಪತ್ರಗಳ ನಕಲು ಕಡತದಲ್ಲಿವೆ. ಹೆಸರು ಪುಸ್ತಕದಲ್ಲೇ ಉಳಿಯಿತು.

ಹನ್ನೆರಡು ವರ್ಷದ ಹಿಂದೆ ಬೋನಿಗೆ ಕಳ್ಳ ಬಿದ್ದ. ಬೇರೊಂದು ಪ್ರಕಾಶನದವರ ಪುಸ್ತಕದಲ್ಲಿ ನನ್ನ ಹೆಸರು, ನನ್ನ ಅರ್ಥ, ನನ್ನ 'ಪ್ರಾಚೀನ' ಎಲ್ಲ ಹಾಗೇ ಅಚ್ಚಾಗಿತ್ತು. ಯಜಮಾನರು ಪತ್ರಿಕೆಯವರನ್ನು ಕರೆಸಿ, 'ಜಗತ್ತಿನಲ್ಲೇ ಇಲ್ಲದ ಹೆಸರು, ನಾವೇ ಹುಟ್ಟಿಸಿದ್ದು' ಎಂದು ಎದೆಯುಬ್ಬಿಸಿ ಹೇಳಿದರು. ಮರುದಿನ ಆ ಹೆಸರು ದಪ್ಪಕ್ಷರದಲ್ಲಿ ಪತ್ರಿಕೆಯಲ್ಲಿ ಬಂತು. ಕಚೇರಿಯಲ್ಲಿ ಎಲ್ಲರೂ ನಗುತ್ತ ಓಡಾಡುತ್ತಿದ್ದರು, ಯಜಮಾನರು ನನ್ನ ಬೆನ್ನು ತಟ್ಟಿದರು. ಮೇಡಂ ಮಾತ್ರ ಪತ್ರಿಕೆಯನ್ನು ಮಡಚಿ ಕೆಳಗಿಟ್ಟು, "ಈ ಹೆಸರಿನ ಮಗು ಎಲ್ಲೂ ಇರದಿದ್ರೆ ಸಾಕಪ್ಪಾ" ಎಂದರು.

ಮಗು ಇತ್ತು. ಮೂರನೆಯ ವಾರ ನಮ್ಮ ಕೋಣೆಯ ಬಾಗಿಲಲ್ಲಿ ಬಂದು ನಿಂತಿತು. ಹನ್ನೊಂದು ವರ್ಷದ ಹುಡುಗಿ, ಶಾಲೆಯ ಸಮವಸ್ತ್ರ, ಬಿಗಿಯಾಗಿ ಹೆಣೆದ ಜಡೆ, ಎದೆಗೆ ಅವಚಿಕೊಂಡ ಒಂದು ಪುಸ್ತಕ. ಜೊತೆಗೆ ಅವಳ ತಂದೆ. ಟೈಲರ್ ಎಂದು ಹೇಳಬೇಕಾಗಿರಲಿಲ್ಲ, ಅಳತೆಯ ಟೇಪು ಕೊರಳಲ್ಲೇ ಇತ್ತು.

"ಪೇಪರ್‌ನಲ್ಲಿ ಬಂದಿದ್ದು ನಿಜಾನಾ ಮೇಡಂ?" ಎಂದು ಕೇಳಿದರು. ಕೂರಲಿಲ್ಲ. "ಸ್ಕೂಲಲ್ಲಿ ಮಕ್ಕಳೆಲ್ಲಾ ಇವಳನ್ನ 'ಡೂಪ್ಲಿಕೇಟ್, ಡೂಪ್ಲಿಕೇಟ್' ಅಂತ ಕರೀತಿದಾರೆ. ನಾನು ಹೇಳ್ದೆ, ನಿಮ್ಮಮ್ಮ ಪುಸ್ತಕ ನೋಡಿ ಇಟ್ಟಿದ್ದು, ಪುಸ್ತಕದಲ್ಲಿ ಸುಳ್ಳು ಬರೀತಾರಾ ಅಂತ. ನೀವೇ ಹೇಳಿಬಿಡಿ ಇವಳಿಗೆ."

ಆಮೇಲೆ ತಿಳಿದ ಸಂಗತಿ ಇಷ್ಟು. ಆ ದಂಪತಿಗಳ ಮೊದಲ ಕೂಸು ಆಸ್ಪತ್ರೆಯಿಂದ ಮನೆಗೆ ಬರಲೇ ಇಲ್ಲ. ಎರಡನೆಯ ಬಾಣಂತನಕ್ಕೆ ಆ ತಾಯಿ ನಮ್ಮ ಹೆಸರುಕೋಶವನ್ನು ಆಸ್ಪತ್ರೆಗೇ ಹೊತ್ತುಕೊಂಡು ಹೋಗಿದ್ದಳು. ಮಗು ಹುಟ್ಟಿದ ಮೂರನೆಯ ದಿನ ಹೆಸರು ಗೊತ್ತು ಮಾಡಿದಳು. ಐದನೆಯ ದಿನ ಅವಳೇ ಹೋಗಿಬಿಟ್ಟಳು. ಮಗು ಮನೆಗೆ ಬಂತು. ತಾಯಿ ತನ್ನ ಮಗಳಿಗೆಂದು ಬಿಟ್ಟುಹೋದದ್ದು ಅದೊಂದು ಹೆಸರು ಮಾತ್ರ.

ನಾನು ನನ್ನ ಮೇಜಿನ ಬಳಿ ಇದ್ದೆ. ಮೇಡಂ ಅವರು ಅಚ್ಚಾದ ಅರ್ಥವನ್ನೇ ಓದಿ ಹೇಳಿ ಆ ಹುಡುಗಿಯನ್ನು ಸಮಾಧಾನದಿಂದ ಕಳಿಸಿಬಿಡಲಿ ಎಂದು ಬೇಡಿಕೊಂಡೆ, ಮನಸ್ಸಿನಲ್ಲೇ. ಅವರು ಎದ್ದು ನಿಂತರು.

"ಪೇಪರ್‌ನಲ್ಲಿ ಬಂದಿದ್ದು ನಿಜ. ಈ ಹೆಸರು ಇದೇ ಕೋಣೇಲಿ ಹುಟ್ಟಿದ್ದು. ಅದಕ್ಕೆ ಆಧಾರ ಇರ್ಲಿಲ್ಲ. ತಪ್ಪು ನನ್ನ ವಿಭಾಗದ್ದು, ಅಂದ್ರೆ ನನ್ನದು" ಎಂದರು. ಟೈಲರ್ ಕೊರಳಿನ ಟೇಪನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, "ಅಯ್ಯೋ, ನಿಮಗೆ ಮನುಷ್ಯತ್ವ ಅನ್ನೋದು ಇಲ್ವಾ" ಎಂದರು. ಮೇಡಂ ತಲೆ ತಗ್ಗಿಸಿ ಕೇಳಿಸಿಕೊಂಡರು. ಹುಡುಗಿ ಅಳಲಿಲ್ಲ. "ಹಾಗಾದ್ರೆ ನನ್ನ ಹೆಸರಿಗೆ ಅರ್ಥಾನೇ ಇಲ್ವಾ?" ಎಂದು ಕೇಳಿದಳು.

"ಗೊತ್ತಿಲ್ಲಮ್ಮ. ವಿಚಾರಿಸ್ತೀನಿ" ಎಂದರು ಮೇಡಂ. ಇಪ್ಪತ್ತು ವರ್ಷಕ್ಕೂ ಮೇಲೆ ಸಾವಿರಾರು ಜನರಿಗೆ ಬರೆದ ಅದೇ ಮಾತು.

ಆ ಸಂಜೆಯೇ ಸಂಸ್ಥೆಯ ಕಾಗದದ ಮೇಲೆ ತಪ್ಪೊಪ್ಪಿಗೆ ಬರೆದು, ಸಹಿ ಹಾಕಿ ಟೈಲರ್ ಅವರಿಗೆ ಕಳಿಸಿದರು. ವಕೀಲರನ್ನು ಕೇಳದೆ ಬರೆದದ್ದಕ್ಕೆ ಯಜಮಾನರು ಕೆಂಡಾಮಂಡಲವಾದರು. ಒಂದೇ ತಿಂಗಳಲ್ಲಿ ಮೇಡಂ ಅವರನ್ನು ವಿಭಾಗದಿಂದ ತೆಗೆದು, ಕೆಳಗಡೆ ಮೆಟ್ಟಿಲಿನ ಅಡಿಯ ಕರಡು ತಿದ್ದುವ ಕೋಣೆಗೆ ಹಾಕಿದರು. ಅವರ ಕುರ್ಚಿಯನ್ನು ನನಗೆ ಕೊಟ್ಟರು. ನಾನು ಕುಳಿತೆ. ಹೊರಡುವ ದಿನ ಅವರು ಒಂದೇ ಒಂದು ಕಾರ್ಡನ್ನು ಖಾನೆಯಿಂದ ತೆಗೆದು, ಅದರ ಜಾಗದಲ್ಲಿ ಗುಲಾಬಿ ಚೀಟಿ ಇಟ್ಟು, ಕಾರ್ಡನ್ನು ಕೈಚೀಲಕ್ಕೆ ಹಾಕಿಕೊಂಡದ್ದನ್ನು ನೋಡಿದೆ. ಏನೆಂದು ಕೇಳುವ ಧೈರ್ಯವಾಗಲಿಲ್ಲ.

ಮುಂದಿನ ಮೂರು ತಿಂಗಳು ಕಚೇರಿ ಮುಗಿದ ಮೇಲೂ ಭಾನುವಾರಗಳಲ್ಲೂ ಅವರು ಆ ಹೆಸರಿನ ಬೆನ್ನು ಹತ್ತಿದರು. ಟೈಲರ್ ಮನೆಗೆ ಹೋಗಿ, ಎರಡು ಸಲ ಬಾಗಿಲು ಹಾಕಿಸಿಕೊಂಡು, ಮೂರನೆಯ ಸಲ ಒಳಗೆ ಕರೆಸಿಕೊಂಡರು. ಆ ತಾಯಿಯ ಪುಸ್ತಕವನ್ನು ನೋಡಿದರು: ಒಂಬತ್ತು ಹೆಸರಿಗೆ ಪೆನ್ಸಿಲ್ ಗುರುತು, ಎಂಟನ್ನು ಹೊಡೆದುಹಾಕಿದೆ, ಒಂಬತ್ತನೆಯದರ ಪಕ್ಕದಲ್ಲಿ 'ಇದೇ. ಅವರನ್ನೂ ಕೇಳಬೇಕು' ಎಂದಿದೆ. ಆಸ್ಪತ್ರೆಯಲ್ಲಿ ವಿಚಾರಿಸಿ, ಕೆಲಸ ಬಿಟ್ಟು ಮಗನ ಮನೆಯಲ್ಲಿದ್ದ ಹಳೆಯ ನರ್ಸ್ ಒಬ್ಬರನ್ನು ಪತ್ತೆ ಮಾಡಿದರು. ಆಕೆಗೆ ಆ ತಾಯಿ ಚೆನ್ನಾಗಿ ನೆನಪಿದ್ದಳು. 'ಈ ಸಲ ನನ್ನ ಕೂಸು ಮನೆಗೆ ಬರತ್ತೆ ಸಿಸ್ಟರ್, ಹೆಸರಲ್ಲೇ ಇದೆ' ಎಂದು ಓಡಾಡುವವರಿಗೆಲ್ಲ ಪುಸ್ತಕ ತೋರಿಸುತ್ತಿದ್ದಳಂತೆ.

ಒಂದು ಶುಕ್ರವಾರ ಮೇಡಂ ಮೆಟ್ಟಿಲ ಬಳಿ ನನ್ನನ್ನು ನಿಲ್ಲಿಸಿದರು. "ಭಾನುವಾರ ಬಿಡುವಿದ್ಯಾ? ನನ್ನ ಜೊತೆ ಟೈಲರ್ ಅಂಗಡೀಗೆ ಬಾ." ಬರುತ್ತೇನೆ ಎಂದೆ.

ಸಣ್ಣ ಅಂಗಡಿ, ಹಿಂದುಗಡೆಯೇ ಮನೆ. ಎರಡು ಹೊಲಿಗೆ ಯಂತ್ರ, ಒಂದರ ಮೇಲೆ ಅರ್ಧ ಹೊಲಿದ ಕೋಟು. ಟೈಲರ್ ಆಗಲೇ ಹೆಸರು ಬದಲಾವಣೆಯ ಅರ್ಜಿ ಬರೆಸಿಟ್ಟಿದ್ದರು. ಸೋಮವಾರ ಶಾಲೆಗೆ ಕೊಡಬೇಕಿತ್ತು, ಆ ವರ್ಷದ ದಾಖಲೆ ಮುಚ್ಚುವ ಮೊದಲು. ಮೇಡಂ ಕೈಚೀಲದಿಂದ ಕಾರ್ಡು ತೆಗೆದು ಹುಡುಗಿಯ ಕೈಗೆ ಕೊಟ್ಟರು. ಅವಳು ಗಟ್ಟಿಯಾಗಿ ಓದಿದಳು. ಕೆಂಪು ಸಾಲನ್ನು ಗೆರೆ ಎಳೆದು ಹೊಡೆದಿತ್ತು. ಅದರ ಕೆಳಗೆ ಕಪ್ಪಿನಲ್ಲಿ: 'ಆರಿಸಿದವರು: ತಾಯಿ. ಅವರ ಸ್ವಂತ ಬರಹವನ್ನು ನೋಡಿದ್ದೇನೆ.' ನೀಲಿಯಲ್ಲಿ: 'ಮೊದಲು ಕರೆದದ್ದು: ಹುಟ್ಟಿದ ಮೂರನೆಯ ದಿನ, ವಾರ್ಡಿನಲ್ಲಿ, ತಾಯಿಯೇ.' ಮತ್ತೆ ನೀಲಿಯಲ್ಲಿ: 'ಅರ್ಥ: ಮನೆಗೆ ಮರಳಿ ಬರುವವಳು. ತಾಯಿ ಹೀಗೆ ನಂಬಿ ಇಟ್ಟರು.' ಹಿಂದೆ ನರ್ಸಿನ ಸಹಿ. ಕೊನೆಯ ಸಾಲು: 'ಕಟ್ಟಿದವರು:' ಅದರ ಮುಂದೆ ಏನೂ ಇರಲಿಲ್ಲ.

ಹುಡುಗಿ ಆ ಖಾಲಿ ಜಾಗದ ಮೇಲೆ ಬೆರಳಿಟ್ಟಳು. "ಇಲ್ಲಿ ಯಾರು?"

ಮೇಡಂ ಉತ್ತರ ಕೊಡಲಿಲ್ಲ. ನನ್ನ ಕಡೆಗೂ ತಿರುಗಲಿಲ್ಲ. ಅಷ್ಟು ಹೊತ್ತು ಆ ಅಂಗಡಿಯಲ್ಲಿ ಯಾರೂ ಮಾತಾಡದೆ ಇದ್ದದ್ದು ನನಗೋಸ್ಕರ ಎಂದು ನನಗೆ ಗೊತ್ತಿತ್ತು. ನಾನು ಗೋಡೆಯ ಕಪಾಟಿನಲ್ಲಿದ್ದ ಗುಂಡಿಗಳ ಡಬ್ಬಿಗಳನ್ನು ನೋಡುತ್ತ ನಿಂತೆ. ಬಿಳಿ ಗುಂಡಿ, ಕಂದು ಗುಂಡಿ, ಕಪ್ಪು ಗುಂಡಿ. ಬಾಯಿ ಬಿಟ್ಟಿದ್ದರೆ ಒಂದು ಮಾತು ಸಾಕಾಗಿತ್ತು. ಕುರ್ಚಿ ಹೋದೀತು, ಮನೆಯಲ್ಲಿ ಹೆಂಡತಿ ಮಗಳು ಏನೆಂದಾರು ಎಂದೆಲ್ಲ ಹೆದರಿದೆ. ಹೇಡಿ ಎಂಬ ಪದಕ್ಕೆ ಕಾರ್ಡು ಮಾಡುವುದಾದರೆ ಕಪ್ಪು ಶಾಯಿಯಲ್ಲೇ ನನ್ನ ಹೆಸರು ಬರೆಯಬಹುದು.

"ಇನ್ನೂ ಗೊತ್ತಿಲ್ಲಮ್ಮ" ಎಂದರು ಮೇಡಂ ಕೊನೆಗೆ.

ಹುಡುಗಿ ಕಾರ್ಡನ್ನು ಇನ್ನೊಮ್ಮೆ ನೋಡಿ, ಮೇಜಿನ ಮೇಲಿಟ್ಟು, ಮೆಲ್ಲಗೆ ಮುಂದಕ್ಕೆ ತಳ್ಳಿದಳು. "ಮಾಡಿದವರಿಗೇ ಹೇಳ್ಕೊಳ್ಳೋಕೆ ನಾಚಿಕೆ ಆಗೋ ಹೆಸರು ನಂಗ್ಯಾಕೆ?" ಎಂದಳು. ಸೋಮವಾರ ಅರ್ಜಿ ಹೋಯಿತು. ಶಾಲೆಯ ದಾಖಲೆಯಲ್ಲಿ ಅವಳಿಗೆ ಎಲ್ಲರಿಗೂ ಇರುವಂಥ ಹೆಸರೊಂದು ಬಂತು, ಯಾವ ಪುಸ್ತಕ ತೆಗೆದರೂ ಸಿಗುವಂಥದು. ಅಂದು ಅಂಗಡಿಯಿಂದ ಹಿಂದಿರುಗುವಾಗ ಬಸ್ಸಿನಲ್ಲಿ ಮೇಡಂ ಕಿಟಕಿಯ ಕಡೆ ಮುಖ ಮಾಡಿ ಕಣ್ಣೊರೆಸಿಕೊಂಡರು. ಮುಂದೆ ಹೇಳುತ್ತೇನೆ ಎಂದಿದ್ದು ಇದನ್ನೇ.

ಹನ್ನೆರಡು ವರ್ಷ ಅವರು ಮೆಟ್ಟಿಲಿನ ಅಡಿಯಲ್ಲಿ ಕುಳಿತು ಬೇರೆಯವರ ಕರಡು ತಿದ್ದಿದರು. ನನ್ನ ಬಗ್ಗೆ ಯಾರ ಹತ್ತಿರವೂ ಒಂದು ಮಾತಾಡಲಿಲ್ಲ. ಎದುರಾದಾಗಲೆಲ್ಲ ನನ್ನ ಮಗಳ ಹೆಸರು ಹಿಡಿದು "ಹೇಗಿದ್ದಾಳಪ್ಪಾ?" ಎಂದು ವಿಚಾರಿಸುವರು, ಮೂರು ಕಪ್ಪು ಸಾಲಿನ ಆ ಹೆಸರನ್ನು. ಒಂದು ಸಲ ತಡೆಯಲಾರದೆ, "ನಿಮಗೆ ಎಲ್ಲಾ ಗೊತ್ತು ಅಲ್ವಾ ಮೇಡಂ?" ಎಂದು ಕೇಳಿಬಿಟ್ಟೆ. "ನನಗೆ ಗೊತ್ತು ಅನ್ನೋದು ಆಧಾರ ಆಗಲ್ಲ" ಎಂದು ಹೇಳಿ ಕರಡಿಗೆ ಮರಳಿದರು. ಆಗಲಾದರೂ ಹೇಳಬಹುದಿತ್ತು. ಮೆಟ್ಟಿಲು ಹತ್ತಿ ಹೋಗಿ ಅವರ ಕುರ್ಚಿಯಲ್ಲಿ ಕುಳಿತೆ.

ಇಲ್ಲಿಯವರೆಗೆ ಬರೆದದ್ದನ್ನು ನಿನ್ನೆ ಮಧ್ಯಾಹ್ನ ತೆಗೆದುಕೊಂಡು ಹೋಗಿ ಅವರ ಮುಂದಿಟ್ಟೆ. ಗೌರವ ಪಡೆಯುವವರಿಗೇ ಅಭಿನಂದನ ಲೇಖನ ತೋರಿಸುವ ಪದ್ಧತಿಯಿಲ್ಲ, ಬಲ್ಲೆ. ಮುಂದಿನ ಸಾಲುಗಳು ಇಂದು ಸೇರಿಸಿದ್ದು.

ಅವರು ಕನ್ನಡಕ ಏರಿಸಿ, ಪೆನ್ಸಿಲ್ ಹಿಡಿದು, ಯಾರದೋ ಕರಡು ಓದಿದ ಹಾಗೆ ಓದಿದರು. ಮೊದಲ ಪುಟದ 'ಸಾಟಿಯಿಲ್ಲದವರು' ಎಂಬುದರ ಪಕ್ಕ 'ಆಧಾರ?' ಎಂದು ಬರೆದರು. 'ದಣಿವರಿಯದವರು' ಎಂಬುದರ ಪಕ್ಕ 'ದಣಿದಿದ್ದೇನೆ' ಎಂದು ಬರೆದರು. 'ಎಂದೂ ತಪ್ಪು ಮಾಡದವರು' ಎಂಬುದನ್ನು ಹೊಡೆದು, 'ಆ ಹನ್ನೊಂದು ದಿನ ರಜೆ ಹಾಕಿದೆ' ಎಂದರು. ಅವೆಲ್ಲ ಇದ್ದಂತೆ ಇರಲಿ ಎಂದು ನಾನು ತಿದ್ದದೆ ಉಳಿಸಿದ್ದೇನೆ, ಅವರು ಬೈದರೂ ಸರಿಯೇ. ಕೊನೆಯ ಪುಟ ಮುಗಿಸಿ ಹಾಳೆಗಳನ್ನು ಜೋಡಿಸಿಟ್ಟರು. ಆಮೇಲೆ ಕೈಚೀಲ ತೆರೆದು ಕಾರ್ಡನ್ನು ತೆಗೆದರು. ಅಂಚು ಸವೆದು ಮೆತ್ತಗಾಗಿತ್ತು. ಹನ್ನೆರಡು ವರ್ಷ ಅದನ್ನು ಹೊತ್ತುಕೊಂಡೇ ತಿರುಗಿದ್ದಾರೆ.

"ಬರಿ" ಎಂದು ನೀಲಿ ಪೆನ್ನು ಕೊಟ್ಟರು. ನಾನು ಖಾಲಿ ಸಾಲಿನಲ್ಲಿ ನನ್ನ ಹೆಸರು ಬರೆದೆ.

"ತಾರೀಕು?" ಬರೆದೆ. "ಹೊತ್ತು?" ಶನಿವಾರ, ಸಂಜೆ ಐದೂವರೆ ಎಂದು ಬರೆದೆ.

"ಆ ಅರ್ಥ ಎಲ್ಲಿಂದ ಬಂತು? 'ಮನೆಗೆ ಮರಳಿ ಬರುವವಳು' ಅಂತ ಯಾಕೆ ಬರೆದೆ?"

ಇಪ್ಪತ್ತನಾಲ್ಕು ವರ್ಷ ನನ್ನನ್ನು ನಾನೇ ಕೇಳಿಕೊಳ್ಳದ ಪ್ರಶ್ನೆ. ಉತ್ತರ ಮಾತ್ರ ಮೊದಲಿನಿಂದ ಗೊತ್ತಿತ್ತು.

"ನಂಗೆ ಮನೆಗೆ ಹೋಗ್ಬೇಕಿತ್ತು ಮೇಡಂ. ಹೊತ್ತಾಗಿತ್ತು. ಮನೇಲಿ ಮಗು ಕಾಯ್ತಿತ್ತು. ಮನಸ್ಸಲ್ಲಿ ಅದೇ ಇತ್ತು, ಅದನ್ನೇ ಬರೆದೆ."

ಮೇಡಂ ಕನ್ನಡಕ ತೆಗೆದರು. "ಅದನ್ನೂ ಬರಿ" ಎಂದರು. ಬರೆದೆ. ಹಿಂದೆ ನರ್ಸಿನ ಸಹಿಯ ಕೆಳಗೆ ನನ್ನ ಸಹಿ ಹಾಕಿದೆ. "ಕ್ಷಮಿಸಿಬಿಡಿ ಮೇಡಂ" ಎಂದೆ.

"ಕೇಳ್ಬೇಕಾಗಿರೋದು ನನ್ನನ್ನಲ್ಲ" ಎಂದು ಕಾರ್ಡನ್ನು ನನ್ನ ಕೈಗಿಟ್ಟರು. "ಟೈಲರ್ ಅಂಗಡಿ ಈಗ್ಲೂ ಅಲ್ಲೇ ಇದೆ. ಅವಳಿಗೆ ಇಪ್ಪತ್ತಮೂರು ಆಯ್ತು, ಅಪ್ಪನ ಪಕ್ಕದ ಯಂತ್ರದಲ್ಲಿ ಕೂತು ಹೊಲೀತಾಳೆ. ಈ ಸಲ ನಾನು ಬರಲ್ಲ. ನೀನೊಬ್ನೇ ಹೋಗು."

ಈ ಸಂಪುಟ ಬಿಡುಗಡೆಯಾಗುವ ಹೊತ್ತಿಗೆ ನಾನು ಹೋಗಿ ಬಂದಿರುತ್ತೇನೆ. ಅವಳು ಕಾರ್ಡನ್ನು ತೆಗೆದುಕೊಳ್ಳುವಳೋ, ಹನ್ನೊಂದನೆಯ ವಯಸ್ಸಿನಲ್ಲಿ ಮಾಡಿದಂತೆ ಮುಂದಕ್ಕೆ ತಳ್ಳುವಳೋ, ಅಪ್ಪನ ಎದುರಿಗೆ ನನ್ನ ಮುಖಕ್ಕೆ ಉಗಿಯುವಳೋ, ಗೊತ್ತಿಲ್ಲ. ಈ ಪದವನ್ನು ಧೈರ್ಯವಾಗಿ ಬರೆಯುವುದಕ್ಕೆ ನನಗೆ ಇಪ್ಪತ್ತೇಳು ವರ್ಷ ಬೇಕಾಯಿತು. ಮೇಡಂ ಅವರ ಮನೆಯಲ್ಲಿ ಇನ್ನೂ ನಾನೂರು ಕೆಂಪು ಸಾಲುಗಳ ಪಟ್ಟಿ ಇದೆಯಂತೆ, ನಿವೃತ್ತಿಯ ನಂತರ ಅವುಗಳ ಬೆನ್ನು ಹತ್ತುತ್ತಾರಂತೆ. ಅವರ ಕಣ್ಣು, ಕಾಲು, ನೆನಪು ಆ ನಾನೂರೂ ಮುಗಿಯುವವರೆಗೆ ಗಟ್ಟಿಯಾಗಿರಲಿ. ಅವರು ಬಹುಕಾಲ ಬಾಳಲಿ. ಇದರಲ್ಲಿ ನನ್ನ ಸ್ವಾರ್ಥವೂ ಇದೆ: ಆ ಅಂಗಡಿಯಿಂದ ಹೊರಬಂದ ಮೇಲೆ, ಅವಳು ಏನೆಂದಳು ಎಂದು ಹೇಳುವುದಕ್ಕೆ ನನಗೆ ಬೇರೆ ಯಾರೂ ಇಲ್ಲ.